ಹಿರಿತನದ ಪಟ್ಟಿ

ನಮ್ಮ ಮನೆಯ ಅಟ್ಟದ ಮೇಲೆ ಒಂದು ತಗಡಿನ ಟ್ರಂಕು ಇದೆ. ಅಪ್ಪ ಹೋದ ಮೇಲೆ ಅಣ್ಣತಮ್ಮಂದಿರು ಮನೆಯ ಸಾಮಾನು ಹಂಚಿಕೊಳ್ಳುವಾಗ ಯಾರಿಗೂ ಬೇಡವಾದ ಅದನ್ನು ನಾನು ಕೇಳಿ ತಂದೆ. ಅದರೊಳಗೆ ಬೆಲೆಬಾಳುವಂಥದ್ದು ಏನೂ ಇಲ್ಲ. ಸೈಕ್ಲೋಸ್ಟೈಲ್ ಮಾಡಿದ ಹಳದಿ ಹಾಳೆಗಳು, ಮಸುಕಾದ ಕಾರ್ಬನ್ ಪ್ರತಿಗಳು, ರಿಜಿಸ್ಟರ್ ಟಪಾಲಿನ ರಸೀದಿಗಳು, ಅಷ್ಟೆ. ಹಾಳೆಗಳ ಮೇಲೆ ಸಾಲುಸಾಲಾಗಿ ಹೆಸರು, ಹುಟ್ಟಿದ ತಾರೀಖು, ನೌಕರಿಗೆ ಸೇರಿದ ತಾರೀಖು, ಕೊನೆಯಲ್ಲಿ ಷರಾ. ಒಂದು ಹೆಸರಿನ ಕೆಳಗೆ ಕೆಂಪು ಪೆನ್ಸಿಲಿನ ಗೆರೆ ಇದೆ. ಅದು ಅಪ್ಪನ ಹೆಸರು. ಅದಕ್ಕಿಂತ ನಾಲ್ಕು ಸಾಲು ಮೇಲಿರುವ ಇನ್ನೊಂದು ಹೆಸರಿನ ಕೆಳಗೂ ಅಂಥದೇ ಗೆರೆ. ಅದು ಅಪ್ಪನಿಗಿಂತ ಎರಡು ವರ್ಷ ತಡವಾಗಿ ನೌಕರಿಗೆ ಸೇರಿದವರದು. ನನ್ನ ಬಾಲ್ಯವೆಲ್ಲ ಈ ಎರಡು ಗೆರೆಗಳ ನಡುವೆ ಕಳೆಯಿತು ಎಂದರೆ ಹೆಚ್ಚಾಗಲಿಕ್ಕಿಲ್ಲ.

ಸರಕಾರಿ ನೌಕರರ ಮನೆಯಲ್ಲಿ ಹುಟ್ಟಿದವರಿಗೆ, ಅಂಥ ಮನೆಗೆ ಸೊಸೆಯಾಗಿ ಹೋದವರಿಗೆ ‘ಸೀನಿಯಾರಿಟಿ’ ಎಂಬ ಮಾತನ್ನು ಬಿಡಿಸಿ ಹೇಳಬೇಕಾಗಿಲ್ಲ. ಮಗಳ ಮದುವೆ, ಮಗನ ಕಾಲೇಜು, ಸೈಟಿನ ಕಂತು ಎಲ್ಲವೂ ‘ಈ ಸಲ ಲಿಸ್ಟು ಬಂದರೆ’ ಎಂಬ ಒಂದು ಗೂಟಕ್ಕೆ ಕಟ್ಟಿಕೊಂಡಿರುತ್ತವೆ. ಆ ಲೋಕದ ಹೊರಗಿನವರಿಗೆ ಮಾತ್ರ ಇದು ವಿಚಿತ್ರವಾಗಿ ಕಾಣುತ್ತದೆ. ‘ಚೆನ್ನಾಗಿ ಕೆಲಸ ಮಾಡಿದರೆ ಮೇಲೆ ಹೋಗುತ್ತಾರೆ, ಇಲ್ಲದಿದ್ದರೆ ಇಲ್ಲ, ಇದರಲ್ಲಿ ಪಟ್ಟಿ ಯಾಕೆ?’ ಎಂದು ನನ್ನ ಸೊಸೆ ಕೇಳಿದಳು. ಅವಳು ಖಾಸಗಿ ಕಂಪನಿಯಲ್ಲಿ ಇರುವವಳು. ನಾನು ಅವಳಿಗೆ ಸೀಮೆಎಣ್ಣೆಯ ಸಾಲಿನ ಕಥೆ ಹೇಳಿದೆ. ಆ ಕಾಲದಲ್ಲಿ ಬೆಳಗಿನ ಜಾವ ಡಬ್ಬಿಯನ್ನೋ ಕಲ್ಲನ್ನೋ ಸಾಲಿನಲ್ಲಿಟ್ಟು ಮನೆಗೆ ಬಂದು ಅಡಿಗೆ ಮಾಡುತ್ತಿದ್ದೆವು. ಕಲ್ಲು ಅಲ್ಲಿದ್ದರೆ ನಾವು ಅಲ್ಲಿದ್ದಂತೆ. ಕಲ್ಲನ್ನು ಯಾರಾದರೂ ಸರಿಸಿದರೆ ಜಗಳ. ಅಂಗಡಿಯವನು ತನಗೆ ಬೇಕಾದವರನ್ನು ಮುಂದೆ ಕರೆಯಬಾರದೆಂದೇ ಸಾಲು ಹುಟ್ಟಿದ್ದು. ಜ್ಯೇಷ್ಠತಾ ಪಟ್ಟಿ ಹುಟ್ಟಿದ್ದೂ ಅದೇ ಕಾರಣಕ್ಕೆ, ಮೇಲಿನವರ ಕೃಪೆಯ ಭಯಕ್ಕೆ.

ಈ ಭಯ ಹಳೆಯದು. ಈಸ್ಟ್ ಇಂಡಿಯಾ ಕಂಪನಿಯ ಕಾಲದಲ್ಲಿ ಲಂಡನ್ನಿನ ದೊಡ್ಡವರ ಚೀಟಿ ಹಿಡಿದು ಬಂದ ಹುಡುಗರು ಇಲ್ಲಿ ದುಡಿದವರನ್ನು ದಾಟಿ ದೊಡ್ಡ ಹುದ್ದೆಗೆ ಏರುವುದನ್ನು ತಡೆಯಲು 1793ರ ಚಾರ್ಟರ್ ಕಾಯ್ದೆಯಲ್ಲಿ, ಸಂಬಳ ಹೆಚ್ಚಿದಷ್ಟೂ ಇಲ್ಲಿ ಕಳೆದ ವರ್ಷಗಳೂ ಹೆಚ್ಚಿರಬೇಕೆಂದು ಬರೆದರು. ನಮ್ಮ ಮೈಸೂರು ಸಂಸ್ಥಾನದಲ್ಲಿ ದಿವಾನ್ ಶೇಷಾದ್ರಿ ಅಯ್ಯರ್ ಅವರ ಕಾಲದಲ್ಲಿ, 1891ರಿಂದ, ಸಿವಿಲ್ ಸರ್ವಿಸಿಗೆ ಸ್ಪರ್ಧಾ ಪರೀಕ್ಷೆ ಬಂತು. ಪರೀಕ್ಷೆ ಬಂದ ಮೇಲೆ ರ್‍ಯಾಂಕು, ರ್‍ಯಾಂಕಿನಿಂದ ಕ್ರಮ. ಇಷ್ಟೇ ಇದರ ವಂಶಾವಳಿ. ಆದರೆ ನಮ್ಮ ಮನೆಯ ಟ್ರಂಕಿನ ಕಥೆ ಶುರುವಾಗುವುದು 1956ರ ನವೆಂಬರ್ 1ರಂದು.

ಅಪ್ಪ ಆಗ ಧಾರವಾಡದ ಕಡೆಯ ಒಂದು ಕಚೇರಿಯಲ್ಲಿ ಕಾರಕೂನರು, ಮುಂಬಯಿ ಸರಕಾರದ ನೌಕರರು. ಏಕೀಕರಣದ ಹುಚ್ಚು ಹತ್ತಿದವರು. ಸರಕಾರಿ ನೌಕರರು ಚಳವಳಿಗೆ ಇಳಿಯುವಂತಿರಲಿಲ್ಲವಾದ್ದರಿಂದ ಸಭೆಗಳಿಗೆ ಕಂಬಳಿ ಹೊದ್ದು ಕತ್ತಲಲ್ಲಿ ಹಿಂದೆ ನಿಂತು ಕೇಳಿ ಬರುತ್ತಿದ್ದರಂತೆ. ಆ ದಿನ ಮನೆಯಲ್ಲಿ ಹೋಳಿಗೆ ಮಾಡಿಸಿದ್ದರೆಂದು ಅವ್ವ ಹೇಳುತ್ತಿದ್ದಳು. ನಾನು ನಾಲ್ಕು ವರ್ಷದವಳು, ಹೋಳಿಗೆ ತಿಂದದ್ದು ನೆನಪಿಲ್ಲ. ನನಗೆ ನೆನಪಿರುವುದು ಅದರ ಮುಂದಿನ ವರ್ಷಗಳಲ್ಲಿ ಕಂದೀಲಿನ ಬೆಳಕಿನಲ್ಲಿ ಅವರು ಅರ್ಜಿ ಬರೆಯುತ್ತಿದ್ದುದು.

ರಾಜ್ಯ ಒಂದಾದದ್ದು ನಕ್ಷೆಯಲ್ಲಿ ಒಂದೇ ದಿನಕ್ಕೆ. ಕಚೇರಿಗಳಲ್ಲಿ ಒಂದಾಗಲು ಎರಡು ದಶಕವೇ ಹಿಡಿಯಿತು. ಮುಂಬಯಿಯಿಂದ ಧಾರವಾಡ, ಬೆಳಗಾವಿ, ವಿಜಾಪುರ, ಉತ್ತರ ಕನ್ನಡ. ಹೈದರಾಬಾದಿನಿಂದ ಬೀದರ, ಗುಲ್ಬರ್ಗಾ, ರಾಯಚೂರು. ಮದರಾಸಿನಿಂದ ದಕ್ಷಿಣ ಕನ್ನಡ ಮತ್ತು ಕೊಳ್ಳೇಗಾಲ. ಪುಟ್ಟ ಕೊಡಗು. ಇವೆಲ್ಲ ಹಳೆಯ ಮೈಸೂರಿನೊಂದಿಗೆ ಕೂಡಿದಾಗ ಜನರ ಜೊತೆಗೆ ಐದು ಸರಕಾರಗಳ ನೌಕರರೂ ಬಂದರು. ಒಂದೊಂದು ಕಡೆ ಒಂದೊಂದು ಹುದ್ದೆ, ಒಂದೊಂದು ಹೆಸರು, ಒಂದೊಂದು ಸಂಬಳ. ತಾಲ್ಲೂಕಿನ ದೊಡ್ಡ ಅಧಿಕಾರಿ ಮೈಸೂರಿನಲ್ಲಿ ಅಮಲ್ದಾರ, ಮುಂಬಯಿ ಸೀಮೆಯಲ್ಲಿ ಮಾಮಲೇದಾರ, ಹೈದರಾಬಾದು ಮದರಾಸುಗಳಲ್ಲಿ ತಹಶೀಲ್ದಾರ. ಅವರು ಹೇಗೂ ಒಬ್ಬೊಬ್ಬರೇ, ಸರಿದೂಗಿಸಬಹುದು. ಆದರೆ ನಮ್ಮ ಕಾರಕೂನ, ಅವ್ವಲ್ ಕಾರಕೂನರನ್ನು ಮೈಸೂರಿನ ಗುಮಾಸ್ತ, ಶಿರಸ್ತೇದಾರರ ಯಾವ ಮೆಟ್ಟಿಲಿನ ಪಕ್ಕ ಕೂಡಿಸಬೇಕು? ಉರ್ದುವಿನಲ್ಲಿ ಕಡತ ಬರೆದು ಬಂದ ರಾಯಚೂರಿನವನನ್ನು ಎಲ್ಲಿ?

ಇದಕ್ಕೆಂದೇ ರಾಜ್ಯ ಪುನರ್ವಿಂಗಡಣಾ ಕಾಯ್ದೆಯಲ್ಲಿ 115ನೆಯ ಕಲಮು ಇತ್ತು. ಆ ಕಲಮಿನ ನಂಬರು ನಮ್ಮ ಮನೆಯಲ್ಲಿ ದೇವರ ಹೆಸರಿನಷ್ಟು ಸಲ ಕೇಳಿಬರುತ್ತಿತ್ತು. ನೌಕರರ ವಿಲೀನದ ಹೊಣೆ ಕೇಂದ್ರ ಸರಕಾರದ್ದು. ಅನ್ಯಾಯವಾಗದಂತೆ ನೋಡಲು ಸಲಹಾ ಸಮಿತಿಗಳು. ಕೇಂದ್ರದ ಒಪ್ಪಿಗೆ ಇಲ್ಲದೆ ಯಾರ ಸೇವಾ ಷರತ್ತನ್ನೂ ಅವರಿಗೆ ನಷ್ಟವಾಗುವಂತೆ ಬದಲಿಸಕೂಡದು. 1956ರ ಮೇ ತಿಂಗಳಲ್ಲಿ ರಾಜ್ಯಗಳ ಮುಖ್ಯ ಕಾರ್ಯದರ್ಶಿಗಳು ಕೂಡಿ, ಹುದ್ದೆಗಳನ್ನು ಸರಿದೂಗಿಸಲು ನಾಲ್ಕು ಅಳತೆಗೋಲು ಹಾಕಿಕೊಂಡಿದ್ದರು: ಕೆಲಸದ ಸ್ವರೂಪ, ಅದರ ಜವಾಬ್ದಾರಿ ಅಧಿಕಾರಗಳು, ಸೇರಲು ಬೇಕಾದ ಕನಿಷ್ಠ ವಿದ್ಯಾರ್ಹತೆ, ಮತ್ತು ಸಂಬಳ. ಕೇಳಲಿಕ್ಕೆ ಎಷ್ಟು ಚೊಕ್ಕ! ಆದರೆ ಎರಡು ಊರಿನ ಇಬ್ಬರು ಕಾರಕೂನರಲ್ಲಿ ಯಾರ ಜವಾಬ್ದಾರಿ ದೊಡ್ಡದು ಎಂದು ಬೆಂಗಳೂರಿನಲ್ಲಿ ಕೂತು ತೀರ್ಮಾನಿಸುವುದು, ಇಬ್ಬರು ಓರಗಿತ್ತಿಯರಲ್ಲಿ ಯಾರು ಹೆಚ್ಚು ದುಡಿಯುತ್ತಾರೆಂದು ಮಾವನವರು ಪಡಸಾಲೆಯಲ್ಲಿ ಕೂತು ತೀರ್ಮಾನಿಸಿದಂತೆಯೇ.

ತಾತ್ಕಾಲಿಕ ಪಟ್ಟಿ ಬರುತ್ತಿತ್ತು. ಆಕ್ಷೇಪಣೆಗೆ ಇಂತಿಷ್ಟು ದಿನ. ಎಲ್ಲರೂ ಆಕ್ಷೇಪಿಸುತ್ತಿದ್ದರು. ಪಟ್ಟಿ ತಿದ್ದಲ್ಪಟ್ಟು ಮತ್ತೆ ತಾತ್ಕಾಲಿಕವಾಗಿಯೇ ಬರುತ್ತಿತ್ತು. ಅಪ್ಪ ತಾವು ಮುಂಬಯಿ ಸರಕಾರದ ಇಲಾಖಾ ಪರೀಕ್ಷೆ ಮುಗಿಸಿದ ತಾರೀಖನ್ನು ಮುಂದಿಟ್ಟುಕೊಂಡು ಅರ್ಜಿ ಬರೆಯುತ್ತಿದ್ದರು. ಇಂಗ್ಲಿಷಿನಲ್ಲಿ, ಮೂರು ಪ್ರತಿ, ‘ಥ್ರೂ ಪ್ರಾಪರ್ ಚಾನೆಲ್’. ಅಂದರೆ ಅವರ ಕಚೇರಿಯಿಂದ ಜಿಲ್ಲೆಗೆ, ಜಿಲ್ಲೆಯಿಂದ ಬೆಂಗಳೂರಿಗೆ, ಬೆಂಗಳೂರಿನಿಂದ ದಿಲ್ಲಿಗೆ. ಒಂದು ಮುಂಗಾರಿನಲ್ಲಿ ಹೋದದ್ದು ಇನ್ನೊಂದು ಮುಂಗಾರಿಗೆ ಬಂದರೆ ಪುಣ್ಯ.

ನನಗೊಂದು ಮಾತು ಚೆನ್ನಾಗಿ ನೆನಪಿದೆ. ಪಕ್ಕದ ಮನೆಯ ಕಾಕಾ ಒಂದು ಸಂಜೆ ಕಟ್ಟೆಯ ಮೇಲೆ ಕೂತು, “ಏಕೀಕರಣ ಏಕೀಕರಣ ಅಂತಿದ್ರಲ್ಲೋ ರಾಯರ, ಈಗ ತಿನ್ನ್ರಿ ಹೋಳಿಗಿ” ಎಂದು ಛೇಡಿಸಿದರು. ಅಪ್ಪ ಬಹಳ ಹೊತ್ತು ಸುಮ್ಮನಿದ್ದು, “ನನ್ನ ನಂಬರ ಕೆಳಗ ಹೋಗಿರಬಹುದು. ಆದ್ರ ನಾಡು ಕೂಡಿದ್ದು ತಪ್ಪು ಅಂತ ನಾ ಎಂದೂ ಅನ್ನಾವಲ್ಲ” ಎಂದರು. ಆಮೇಲೆ ಒಳಗೆ ಬಂದು ಕಂದೀಲು ಹಚ್ಚಿ ಮತ್ತೆ ಅರ್ಜಿ ಬರೆಯಲು ಕೂತರು. ಎರಡನ್ನೂ ಒಟ್ಟಿಗೇ ನಂಬಿದ್ದರು ಅವರು, ಕನ್ನಡ ನಾಡನ್ನೂ 115ನೆಯ ಕಲಮನ್ನೂ.

ಈ ಜಗಳಗಳು ಕೋರ್ಟಿಗೂ ಹೋದವು. ಮುಂಬಯಿ ಸೀಮೆಯಲ್ಲಿ ಆರೋಗ್ಯ ಇಲಾಖೆಯ ನೈರ್ಮಲ್ಯ ಇನ್‌ಸ್ಪೆಕ್ಟರುಗಳಿಗೆ ಜಿಲ್ಲೆಗೊಂದು ಪಟ್ಟಿ ಇತ್ತು. ಹೊಸ ರಾಜ್ಯ ಅದನ್ನು ಕೂಡಿಸಿ ಇಡೀ ರಾಜ್ಯಕ್ಕೆ ಒಂದೇ ಪಟ್ಟಿ ಮಾಡಿತು. ತಮ್ಮ ಜಿಲ್ಲೆಯಲ್ಲಿ ಮುಂದಿದ್ದವರು ರಾಜ್ಯದ ಸಾಲಿನಲ್ಲಿ ಎಲ್ಲೋ ಹಿಂದೆ ಬಿದ್ದರು. ಅದು ಸುಪ್ರೀಂ ಕೋರ್ಟಿನವರೆಗೆ ಹೋಗಿ 1967ರಲ್ಲಿ ತೀರ್ಪು ಬಂತು: ಬಡ್ತಿಯ ಅವಕಾಶ ಕಡಿಮೆಯಾಯಿತು ಎಂಬುದು ಸೇವಾ ಷರತ್ತು ಬದಲಾದಂತಲ್ಲ. ಅಪ್ಪನ ಗೆಳೆಯರೆಲ್ಲ ಅಂದು ಸೂತಕದ ಮನೆಯಲ್ಲಿ ಕೂತಂತೆ ಕೂತಿದ್ದರು. ಮರುವರ್ಷ, 1968ರಲ್ಲಿ, ನಮ್ಮದೇ ರಾಜ್ಯದ ಅಂಕಿಸಂಖ್ಯೆ ಇಲಾಖೆಯ ಇಬ್ಬರ ಮೊಕದ್ದಮೆಯಲ್ಲಿ ಸ್ವಲ್ಪ ಸಮಾಧಾನದ ಮಾತು ಸಿಕ್ಕಿತು. ಬಡ್ತಿ ಯಾರ ಹಕ್ಕೂ ಅಲ್ಲ, ನಿಜ. ಆದರೆ ಹಿರಿಯನ ಹೆಸರನ್ನು ಪರಿಶೀಲಿಸದೆಯೇ ಕಿರಿಯನನ್ನು ಮೇಲೇರಿಸುವಂತಿಲ್ಲ. ಸಾಲಿನಲ್ಲಿ ನಿಂತವನಿಗೆ ಎಣ್ಣೆ ಕೊಡಲೇಬೇಕೆಂದಿಲ್ಲ, ಅವನ ಡಬ್ಬಿಯನ್ನು ನೋಡಲೇಬೇಕು ಎಂದಂತೆ.

ಅಪ್ಪ 1971ರಲ್ಲಿ, ಐವತ್ತೈದು ತುಂಬಿ ನಿವೃತ್ತರಾದರು. ಅವರ ಅಂತಿಮ ಪಟ್ಟಿ ಬಂದದ್ದು ಅದಾದ ಮೂರು ವರ್ಷಕ್ಕೆ. ಅದರಲ್ಲಿ ಅವರು ನಾಲ್ಕು ಸಾಲು ಮೇಲೆ ಹೋಗಿದ್ದರು! ಕೆಂಪು ಗೆರೆಯ ಆ ಇನ್ನೊಬ್ಬರು ಅವರ ಕೆಳಗೆ ಬಂದಿದ್ದರು, ಅವರೂ ಆಗ ನಿವೃತ್ತರೇ. ಟಪಾಲಿನಲ್ಲಿ ಬಂದ ಆ ಹಾಳೆಯನ್ನು ಅಪ್ಪ ಎರಡು ಸಲ ಓದಿ, ಸಣ್ಣಗೆ ನಕ್ಕು, ಟ್ರಂಕಿನಲ್ಲಿಟ್ಟರು. ಸಂಜೆ ತಾವೇ ಹೋಗಿ ಆ ಇನ್ನೊಬ್ಬರನ್ನು ಚಹಾಕ್ಕೆ ಕರೆತಂದರು. ಅವ್ವ ಮಾತ್ರ ಚಹಾ ಕೊಡುವಾಗ ಬಸಿಯನ್ನು ಸ್ವಲ್ಪ ಜೋರಾಗಿಯೇ ಇಟ್ಟಳು.

ಅದೇ 1974ರಲ್ಲಿ ನಾನು ದ್ವಿತೀಯ ದರ್ಜೆಯ ಗುಮಾಸ್ತೆಯಾಗಿ ಧಾರವಾಡದಲ್ಲಿ ಕೆಲಸಕ್ಕೆ ಸೇರಿದೆ. ಹೀಗಾಗಿ ಈ ವಿದ್ಯೆ ನನಗೆ ಬಳುವಳಿಯಾಗಿ ಬಂದದ್ದು ಎನ್ನಬೇಕು. ನಮಗೆ ಅನ್ವಯವಾಗುತ್ತಿದ್ದುದು 1957ರ ಜ್ಯೇಷ್ಠತಾ ನಿಯಮಗಳು. ಅವುಗಳ ಸಾರ ಸರಳ. ಲೋಕಸೇವಾ ಆಯೋಗದ ಆಯ್ಕೆ ಪಟ್ಟಿಯಲ್ಲಿ ಯಾವ ಕ್ರಮವೋ ಕಚೇರಿಯಲ್ಲೂ ಅದೇ ಕ್ರಮ, ನೀವು ಎರಡು ದಿನ ಮೊದಲು ಬಂದು ಹಾಜರಾದರೂ ಅಷ್ಟೆ. ‘ಲೋಕಲ್ ಕ್ಯಾಂಡಿಡೇಟ್’ ಎಂದು ಆಯೋಗದ ಮೂಲಕವಲ್ಲದೆ ಸೇರಿಕೊಂಡವರು ಹತ್ತು ವರ್ಷ ದುಡಿದಿದ್ದರೂ, ಸಕ್ರಮವಾದ ದಿನದಿಂದಲೇ ಅವರ ಲೆಕ್ಕ. ಮೇಲಿನ ಹುದ್ದೆಯ ಕೆಲಸವನ್ನು ನಿಯಮ 32ರಡಿ ಪ್ರಭಾರವೆಂದು ಎಷ್ಟು ಕಾಲ ಹೊತ್ತರೂ ಅದು ಬಡ್ತಿಯಲ್ಲ. ಬಡ್ತಿಗೆ ‘ಸೀನಿಯಾರಿಟಿ-ಕಮ್-ಮೆರಿಟ್’, ಅಂದರೆ ಹಿರಿತನವೇ ಮುಖ್ಯ, ಆದರೆ ಕೆಲಸಕ್ಕೆ ಅನರ್ಹನಾಗಿರಬಾರದು. ಇಲಾಖಾ ಪರೀಕ್ಷೆ ಮುಗಿದಿರಬೇಕು, ಗೌಪ್ಯ ವರದಿ ಕೆಟ್ಟಿರಬಾರದು, ವಿಚಾರಣೆ ಬಾಕಿ ಇರಬಾರದು.

ಇವೆಲ್ಲ ಗಂಡಸರಿಗೂ ಹೆಂಗಸರಿಗೂ ಒಂದೇ. ಹೆರಿಗೆ ರಜೆ ಹಾಕಿದರೂ ಹಿರಿತನಕ್ಕೆ ಕುತ್ತಿಲ್ಲ. ಕಾಗದದ ಮೇಲೆ ನಮ್ಮನ್ನು ಬೇರೆ ಮಾಡಿ ನೋಡುವ ಒಂದು ಸಾಲೂ ಅದರಲ್ಲಿ ಇರಲಿಲ್ಲ. ಹೆಂಗಸರಿಗೆ ಹೊಡೆತ ಬೀಳುತ್ತಿದ್ದುದು ಇನ್ನೊಂದು ನಿಯಮದಿಂದ. ಸಾರ್ವಜನಿಕ ಹಿತದೃಷ್ಟಿಯಿಂದ ವರ್ಗವಾದವರ ಹಿರಿತನ ಅವರ ಜೊತೆಯಲ್ಲೇ ಹೋಗುತ್ತದೆ. ಆದರೆ ಒಂದು ಜ್ಯೇಷ್ಠತಾ ಘಟಕದಿಂದ ಇನ್ನೊಂದಕ್ಕೆ ಸ್ವಂತ ಕೋರಿಕೆಯ ಮೇಲೆ ವರ್ಗವಾದವರನ್ನು, ಆ ದಿನ ಅಲ್ಲಿ ಆ ದರ್ಜೆಯಲ್ಲಿರುವ ಎಲ್ಲರ ಕೆಳಗೆ ಇಡತಕ್ಕದ್ದು. ಗುಮಾಸ್ತರ ಪಟ್ಟಿ ನಮ್ಮಲ್ಲಿ ಜಿಲ್ಲಾವಾರು. ಇನ್ನು ಜಿಲ್ಲೆ ದಾಟಿ ಹೋಗುವ ಕೋರಿಕೆ ಯಾರದು ಹೇಳಿ? ಮದುವೆಯಾದ ಮೇಲೆ ಊರು ಬಿಡುವವರು ಯಾರೋ ಅವರದೇ. ನಿಯಮ ಬರೆದವರು ಹೆಂಗಸರ ವಿರುದ್ಧ ಬರೆಯಲಿಲ್ಲ. ಅವರು ಹೆಂಗಸರನ್ನು ನೆನೆಯಲೇ ಇಲ್ಲ, ಅಷ್ಟೇ.

ನನಗೆ 1978ರಲ್ಲಿ ಮದುವೆಯಾಯಿತು. ಇವರು ಶಿವಮೊಗ್ಗದಲ್ಲಿ ಹೈಸ್ಕೂಲು ಮೇಷ್ಟರು. ಒಂದು ವರ್ಷ ಬಸ್ಸಿನಲ್ಲೇ ಸಂಸಾರ ಮಾಡಿದೆವು. ಗರ್ಭಿಣಿಯಾದ ಮೇಲೆ ಅತ್ತೆ, “ಆ ಗವರ್ನಮೆಂಟು ಕೆಲ್ಸ ಇಲ್ಲೂ ಉಂಟಲ್ಲ, ಬರಕೊಟ್ಟು ಬಂದ್ಬಿಡು ಮಾರಾಯ್ತಿ” ಎಂದರು. ಬರೆದುಕೊಡಬೇಕಾದ್ದು ನಾಲ್ಕೇ ಸಾಲಿನ ಮುಚ್ಚಳಿಕೆ: ನನ್ನ ಸ್ವಂತ ಕೋರಿಕೆಯ ಮೇಲೆ ವರ್ಗಾವಣೆ ಬಯಸಿದ್ದು, ಜ್ಯೇಷ್ಠತೆಯನ್ನು ಬಿಟ್ಟುಕೊಡಲು ಒಪ್ಪಿರುತ್ತೇನೆ, ಮುಂದೆ ಯಾವ ಹಕ್ಕನ್ನೂ ಸಾಧಿಸುವುದಿಲ್ಲ. ಅಪ್ಪನಿಗೆ ತೋರಿಸಿದೆ. ಅವರು ಕನ್ನಡಕ ಏರಿಸಿ ಓದಿ, “ಸಹಿ ಮಾಡೂದಕ್ಕಿಂತ ಮೊದಲ ಅಲ್ಲೀ ಲಿಸ್ಟ ತರಿಸಿ ನೋಡವಾ. ಎಷ್ಟು ಮಂದಿ ಅದಾರ?” ಎಂದು ಕೇಳಿದರು. ನಾನು ನೋಡಲಿಲ್ಲ. ಇಪ್ಪತ್ತೇಳು ವರ್ಷದ ಗರ್ಭಿಣಿಗೆ ಲಿಸ್ಟು ಯಾವ ಲೆಕ್ಕ? 1979ರ ಜುಲೈಯಲ್ಲಿ ಸಹಿ ಮಾಡಿದೆ. ಸ್ವಂತ ಕೋರಿಕೆಯಾದ್ದರಿಂದ ಪ್ರಯಾಣ ಭತ್ಯೆಯೂ ಇಲ್ಲ. ಶಿವಮೊಗ್ಗದಲ್ಲಿ ನನ್ನ ಮೇಲೆ 63 ಜನ ಇದ್ದರು. ಅರವತ್ತಮೂರನೆಯವನು ಮೂರು ವಾರದ ಹಿಂದಷ್ಟೇ ಕೆಲಸಕ್ಕೆ ಸೇರಿದ ಹುಡುಗ. ಟಿಪ್ಪಣಿ ಬರೆಯುವುದು ಹೇಗೆಂದು ಅವನಿಗೆ ಹೇಳಿಕೊಟ್ಟವಳು ನಾನೇ.

ನನ್ನ ಜೊತೆ ಆಯ್ಕೆಯಾಗಿದ್ದ ಗೆಳತಿಯೊಬ್ಬಳು ಅದೇ ವರ್ಷ ಬೇರೆ ಜಿಲ್ಲೆಗೆ ಹೋದಳು. ಅವಳ ಯಜಮಾನರ ಕಡೆಯವರಿಗೆ ಬೆಂಗಳೂರಿನಲ್ಲಿ ಯಾರೋ ಗೊತ್ತಿದ್ದರು. ಅವಳ ಆದೇಶದಲ್ಲಿ ‘ಸಾರ್ವಜನಿಕ ಹಿತದೃಷ್ಟಿಯಿಂದ’ ಎಂದಿತ್ತು, ನನ್ನದರಲ್ಲಿ ‘ಸ್ವಂತ ಕೋರಿಕೆಯ ಮೇರೆಗೆ’ ಎಂದು. ಎರಡೇ ಪದಗಳ ವ್ಯತ್ಯಾಸ. ನನಗೆ ಅದು ಗೊತ್ತಾದದ್ದು ಹತ್ತು ವರ್ಷದ ಮೇಲೆ, ಅವಳ ಮಗಳ ನಾಮಕರಣದ ಫೋಟೋ ನೋಡುತ್ತ ಮಾತಿಗೆ ಮಾತು ಬಂದಾಗ.

ನಾನು ಮುಚ್ಚಳಿಕೆಗೆ ಸಹಿ ಮಾಡಿದ ಎರಡು ತಿಂಗಳಿಗೆ, 1979ರ ಸೆಪ್ಟೆಂಬರಿನಲ್ಲಿ, ದಿಲ್ಲಿಯಲ್ಲಿ ಒಂದು ತೀರ್ಪು ಬಂತು. ಆಗ ನಾನು ಬಾಣಂತನದ ಕೋಣೆಗೆ ಹತ್ತಿರವಾಗಿದ್ದೆ, ಪೇಪರು ಓದುತ್ತಿರಲಿಲ್ಲ. ಆಮೇಲೆ ಎಷ್ಟೋ ವರ್ಷಕ್ಕೆ ಓದಿ ತಿಳಿದೆ. ಅದು ನಮ್ಮ ಕೊಡಗಿನ ಹೆಣ್ಣುಮಗಳು ಸಿ.ಬಿ. ಮುತ್ತಮ್ಮನವರ ಮೊಕದ್ದಮೆ. ವಿರಾಜಪೇಟೆಯಲ್ಲಿ 1924ರಲ್ಲಿ ಹುಟ್ಟಿ, ಒಂಬತ್ತನೆಯ ವಯಸ್ಸಿಗೇ ತಂದೆಯನ್ನು ಕಳೆದುಕೊಂಡು, ತಾಯಿಯ ಆಸರೆಯಲ್ಲಿ ಮಡಿಕೇರಿ, ಮದರಾಸುಗಳಲ್ಲಿ ಓದಿ, 1949ರಲ್ಲಿ ಭಾರತೀಯ ವಿದೇಶಾಂಗ ಸೇವೆಗೆ ಸೇರಿದ ಮೊದಲ ಮಹಿಳೆ. ಆ ಸೇವೆಯ ನಿಯಮಗಳನ್ನು ಕೇಳಿ: ಹೆಂಗಸು ಮದುವೆಯಾಗಬೇಕಾದರೆ ಸರಕಾರದ ಲಿಖಿತ ಅನುಮತಿ ಬೇಕು. ಮದುವೆಯಾದ ಮೇಲೆ, ಸಂಸಾರದ ಭಾರ ಕೆಲಸಕ್ಕೆ ಅಡ್ಡಿಯಾಗುತ್ತದೆಂದು ಸರಕಾರಕ್ಕೆ ತೋರಿದರೆ ರಾಜೀನಾಮೆ ಕೇಳಬಹುದು. ಮದುವೆಯಾದ ಹೆಂಗಸಿಗೆ ಈ ಸೇವೆಗೆ ಸೇರುವ ಹಕ್ಕೇ ಇಲ್ಲ. ಗಂಡಸಿಗೆ ಇವು ಯಾವುವೂ ಇಲ್ಲ. ಮುತ್ತಮ್ಮನವರು ಮದುವೆಯಾಗಲಿಲ್ಲ. 1970ರಲ್ಲಿ ಹಂಗೇರಿಗೆ ರಾಯಭಾರಿಯಾದರು. ಸೇವೆಯೊಳಗಿಂದಲೇ ಮೇಲೆ ಬಂದು ರಾಯಭಾರಿಯಾದ ಮೊದಲ ಭಾರತೀಯ ಮಹಿಳೆ ಅವರು. ಅಷ್ಟಾದ ಮೇಲೂ ಮೊದಲ ದರ್ಜೆಗೆ ಬಡ್ತಿ ಕೊಡುವಾಗ ಅವರನ್ನು ಬಿಟ್ಟು ಕಿರಿಯರನ್ನು ಏರಿಸಿದರು. ಅವರು ಸುಪ್ರೀಂ ಕೋರ್ಟಿಗೆ ಹೋದರು.

ಸರಕಾರ ಚುರುಕಾಯಿತು. ಮೊಕದ್ದಮೆ ವಿಚಾರಣೆಗೆ ಬರುವಷ್ಟರಲ್ಲಿ ಅವರಿಗೆ ಬಡ್ತಿ ಕೊಟ್ಟೇಬಿಟ್ಟಿತು. ಆ ನಿಯಮಗಳಲ್ಲಿ ಒಂದನ್ನು ಆಗಲೇ ತೆಗೆದಿದ್ದೇವೆ, ಇನ್ನೊಂದನ್ನು ತೆಗೆಯುತ್ತಿದ್ದೇವೆ ಎಂದೂ ಹೇಳಿತು. ನ್ಯಾಯಮೂರ್ತಿ ವಿ.ಆರ್. ಕೃಷ್ಣ ಅಯ್ಯರ್ ಅರ್ಜಿಯನ್ನೇನೋ ಮುಗಿಸಿದರು, ಆದರೆ ಸುಮ್ಮನೆ ಮುಗಿಸಲಿಲ್ಲ. ಸಂಸಾರ ಹೆಂಗಸಿನ ದಕ್ಷತೆಗೆ ಅಡ್ಡಿಯಾಗುವುದಾದರೆ ಗಂಡಸಿನದಕ್ಕೂ ಆಗಬೇಡವೇ ಎಂದು ಕೇಳಿದರು. ಇನ್ನೊಂದು ಮಾತನ್ನು ಸೇರಿಸಿದರು, ನನ್ನ ಕಣ್ಣು ನಿಂತದ್ದು ಅಲ್ಲಿ. ಬಡ್ತಿ ಸಿಕ್ಕಿತೆಂದು ಮುಗಿಯಲಿಲ್ಲ, ನಡುವಿನ ಕೆಲವೇ ತಿಂಗಳಲ್ಲಿ ಏರಿದ ಕಿರಿಯರ ಎದುರು ಇವರ ಹಿರಿತನ ಎಲ್ಲಿದೆ ಎಂಬುದನ್ನೂ ಸರಕಾರ ಮರುಪರಿಶೀಲಿಸಬೇಕು ಎಂದರು. ಕೆಲವೇ ತಿಂಗಳು! ಹೊರಗಿನವರಿಗೆ ಅದೇನು ದೊಡ್ಡದು? ಒಳಗಿದ್ದವರಿಗೆ ಗೊತ್ತು, ಆ ತಿಂಗಳುಗಳು ಮುಂದೆ ಪ್ರತಿಯೊಂದು ಮೆಟ್ಟಿಲಿನಲ್ಲೂ ಬಂದು ಎದುರಿಗೆ ನಿಲ್ಲುತ್ತವೆ. ಮುತ್ತಮ್ಮನವರು 1982ರಲ್ಲಿ ನಿವೃತ್ತರಾಗಿ, 2009ರಲ್ಲಿ ಬೆಂಗಳೂರಿನಲ್ಲಿ ತೀರಿಕೊಂಡರು.

ನಾನು ಅಂಥ ಧೀರೆಯಲ್ಲ. ಧಾರವಾಡದಲ್ಲಿ ನನ್ನ ಹಿಂದಿದ್ದವರೂ 1983ಕ್ಕೆ ಪ್ರಥಮ ದರ್ಜೆಗೆ ಏರಿದರು. ನನಗೆ ಅದು ಸಿಕ್ಕಿದ್ದು 1991ರಲ್ಲಿ, ಸೂಪರಿಂಟೆಂಡೆಂಟ್ ಆದದ್ದು 2003ರಲ್ಲಿ. ಕೂತಲ್ಲೇ ಕೂತವರಿಗೆ ಹತ್ತು ವರ್ಷಕ್ಕೊಮ್ಮೆ ಸಂಬಳದಲ್ಲಾದರೂ ಮುಂದಿನ ಶ್ರೇಣಿ ಕೊಡುವ ಕಾಲಮಿತಿ ಬಡ್ತಿಯ ನಿಯಮ 1983ರಲ್ಲಿ ಬಂತು, ಹದಿನೈದು ವರ್ಷದವರಿಗೆ ಇನ್ನೊಂದು 1991ರಲ್ಲಿ. ಅವುಗಳಿಂದ ಎಷ್ಟೋ ಗುಮಾಸ್ತರ ಮನೆಯ ಒಲೆ ಉರಿದಿದೆ. ಆದರೆ ಸಂಬಳ ಏರಿದರೂ ಕುರ್ಚಿ ಬದಲಾಗುವುದಿಲ್ಲ. ಟಿಪ್ಪಣಿ ಕಲಿಸಿದ ಆ ಹುಡುಗ ನನಗಿಂತ ಮೂರು ವರ್ಷ ಮೊದಲೇ ಸೂಪರಿಂಟೆಂಡೆಂಟ್ ಆಗಿ ನಮ್ಮ ಶಾಖೆಗೇ ಬಂದ. ಒಳ್ಳೆಯವನು. ನನ್ನ ಕಡತದ ಮೇಲೆ ‘ಮಾತನಾಡಿ’ ಎಂದು ಬರೆಯುವ ಬದಲು ತಾನೇ ಎದ್ದು ನನ್ನ ಮೇಜಿಗೆ ಬಂದು, “ಅಕ್ಕಾ, ಇದೊಂದು ಸ್ವಲ್ಪ ನೋಡಿ” ಎನ್ನುತ್ತಿದ್ದ. ಅವನ ಆ ಒಳ್ಳೆಯತನವೇ ನನಗೆ ಕೆಲವು ದಿನ ಸಹಿಸುವುದು ಕಷ್ಟವಾಗುತ್ತಿತ್ತು, ಸುಳ್ಳು ಯಾಕೆ ಹೇಳಲಿ.

ಸಾಲು ಎಂದರೆ ನ್ಯಾಯ ಎಂದು ಮೊದಲಿಗೆ ಹೇಳಿದೆನಲ್ಲ, ಅದಕ್ಕೊಂದು ತಿದ್ದುಪಡಿ ಹಾಕಬೇಕು. ಸಾಲಿನೊಳಗೆ ಯಾರನ್ನು ಯಾವಾಗ ಬಿಟ್ಟುಕೊಂಡರು ಎಂಬುದು ಸಾಲಿಗಿಂತ ಮೊದಲಿನ ಪ್ರಶ್ನೆ. ಮೈಸೂರಿನಲ್ಲಿ 1918ರಷ್ಟು ಹಿಂದೆಯೇ ಮಿಲ್ಲರ್ ಸಮಿತಿ ನೇಮಕವಾದದ್ದು ಕಚೇರಿಗಳೆಲ್ಲ ಒಂದೇ ಸಮುದಾಯದವರಿಂದ ತುಂಬಿವೆ ಎಂಬ ದೂರಿನಿಂದಾಗಿ. ಬಾಗಿಲು ತಡವಾಗಿ ತೆರೆದವರ ಹೆಸರು ಪಟ್ಟಿಯ ಬಾಲದಲ್ಲೇ ಇರುತ್ತದೆ. ಅದಕ್ಕೇ 1978ರ ಏಪ್ರಿಲಿನಲ್ಲಿ ಕರ್ನಾಟಕ ಸರಕಾರ ಬಡ್ತಿಯಲ್ಲೂ ಪರಿಶಿಷ್ಟ ಜಾತಿಗೆ ಶೇ. 15, ಪರಿಶಿಷ್ಟ ಪಂಗಡಕ್ಕೆ ಶೇ. 3 ಮೀಸಲು ಮಾಡಿತು. ರೋಸ್ಟರಿನಿಂದ ಮೊದಲು ಏರಿದವರು ಮೇಲಿನ ದರ್ಜೆಯಲ್ಲೂ ಮೊದಲಿಗರೇ ಆಗಿ ಉಳಿಯುತ್ತಾರೋ, ಅಥವಾ ಕೆಳಗಿನ ದರ್ಜೆಯಲ್ಲಿ ಹಿರಿಯನಾಗಿದ್ದವನು ತಡವಾಗಿ ಏರಿ ಬಂದಾಗ ತನ್ನ ಹಳೆಯ ಹಿರಿತನವನ್ನು ಮರಳಿ ಪಡೆಯುತ್ತಾನೋ? ಜಗಳವೆಲ್ಲ ಇಷ್ಟೇ. ಮರಳಿ ಪಡೆಯುತ್ತಾನೆ ಎಂದು ಸುಪ್ರೀಂ ಕೋರ್ಟು 1995ರಿಂದ ಹೇಳತೊಡಗಿತು, 2000ದ ಡಿಸೆಂಬರಿನಲ್ಲಿ ಕರ್ನಾಟಕದ್ದೇ ಒಂದು ಮೊಕದ್ದಮೆಯಲ್ಲೂ ಹಾಗೇ ಹೇಳಿತು. ಇಲ್ಲ, ಮೊದಲು ಏರಿದವರೇ ಹಿರಿಯರು ಎಂದು ಸಂಸತ್ತು ಸಂವಿಧಾನದ 85ನೆಯ ತಿದ್ದುಪಡಿ ಮಾಡಿತು. ರಾಜ್ಯ 2002ರಲ್ಲಿ ಕಾಯ್ದೆ ಮಾಡಿತು. 2017ರ ಫೆಬ್ರವರಿಯಲ್ಲಿ ಬಿ.ಕೆ. ಪವಿತ್ರಾ ಪ್ರಕರಣದಲ್ಲಿ ಅದರ ಮುಖ್ಯ ಕಲಮುಗಳು ಬಿದ್ದವು. ರತ್ನಪ್ರಭಾ ಅವರ ಸಮಿತಿ ಅಂಕಿಅಂಶ ಕಲೆಹಾಕಿದ ಮೇಲೆ 2018ರಲ್ಲಿ ಹೊಸ ಕಾಯ್ದೆ ಬಂತು, 2019ರ ಮೇ ತಿಂಗಳಲ್ಲಿ ಕೋರ್ಟು ಅದನ್ನು ಎತ್ತಿಹಿಡಿಯಿತು. ಈ ನಡುವೆ ಪಟ್ಟಿಗಳನ್ನು ಮತ್ತೆ ಬರೆದರು, ಎಷ್ಟೋ ಜನರನ್ನು ಕೆಳಗಿಳಿಸಿದರು.

ನಾನು ಆ ಹೊತ್ತಿಗೆ ನಿವೃತ್ತಳಾಗಿ ಆರು ವರ್ಷ. ಒಂದು ರಾತ್ರಿ ನನ್ನ ಕೈಕೆಳಗೆ ಕೆಲಸ ಕಲಿತ ಹುಡುಗಿ ಫೋನು ಮಾಡಿದಳು. ಹುಡುಗಿ ಎಂದರೆ ಅವಳಿಗೂ ಐವತ್ತರ ಹತ್ತಿರ. ಅವಳ ಅಪ್ಪ ಕಲ್ಲು ಒಡೆಯುತ್ತಿದ್ದವರು, ಅವರ ಕೇರಿಯಿಂದ ಸರಕಾರಿ ಕೆಲಸಕ್ಕೆ ಬಂದ ಮೊದಲ ಹೆಣ್ಣು. “ಅಕ್ಕಾ, ಹೊಸ ಲಿಸ್ಟಲ್ಲಿ ನನ್ನ ಹೆಸರು ಎಲ್ಲೋ ಹೋಗಿದೆ. ನಾಳೆ ಆಫೀಸಲ್ಲಿ ಯಾವ ಕುರ್ಚಿ ಮೇಲೆ ಕೂತ್ಕೊಳ್ಲಿ?” ಎಂದು ಕೇಳಿದಳು. ಅದೇ ಪಟ್ಟಿಯಿಂದಾಗಿ, ಇಪ್ಪತ್ತು ವರ್ಷ ಕಾದು ನಿವೃತ್ತಿಯ ಅಂಚಿಗೆ ಬಂದ ಇನ್ನೊಬ್ಬ ಸಹೋದ್ಯೋಗಿಗೆ ಆ ವಾರ ಬಡ್ತಿ ಸಿಕ್ಕಿತ್ತು. ಅವರ ಹೆಂಡತಿಯೂ ಫೋನು ಮಾಡಿ ಸಿಹಿ ಸುದ್ದಿ ಹೇಳಿದ್ದರು. ಇಬ್ಬರ ಮನೆಯ ಊಟವನ್ನೂ ಉಂಡವಳು ನಾನು. ಯಾರ ಬದಿ ಎಂದು ಯಾರಾದರೂ ಕೇಳಿದರೆ, ಕಲ್ಲು ಒಡೆಯುವವರ ಮಗಳ ಬದಿ ಎನ್ನುತ್ತೇನೆ. ಅವಳಿಗೆ ಸಾಲಿನ ಜಾಗವೇ ಸಿಕ್ಕಿದ್ದು ಮೊನ್ನೆ. ಆದರೆ ಆ ಇನ್ನೊಬ್ಬರ ಕೆಂಪು ಗೆರೆಯೂ ನನಗೆ ಕಾಣದೆ ಇಲ್ಲ.

2024ರಲ್ಲಿ ರಜನೀಶ್ ಗೋಯಲ್ ಮುಖ್ಯ ಕಾರ್ಯದರ್ಶಿ ಹುದ್ದೆಯಿಂದ ನಿವೃತ್ತರಾಗಿ, ಅವರ ಪತ್ನಿ ಶಾಲಿನಿ ರಜನೀಶ್ ಅದೇ ಕುರ್ಚಿಗೆ ಬಂದಾಗ ನಮ್ಮ ಮಹಿಳಾ ಸಮಾಜದಲ್ಲಿ ಎಲ್ಲರೂ ನಕ್ಕು ಚಪ್ಪಾಳೆ ತಟ್ಟಿದರು. ಅವರು 1986ರ, ಇವರು 1989ರ ಐ.ಎ.ಎಸ್. ತಂಡದವರು. ಗಂಡಹೆಂಡಿರಿಬ್ಬರೂ ಒಂದೇ ರಾಜ್ಯದ ಒಂದೇ ಪಟ್ಟಿಯಲ್ಲಿದ್ದರೆ ಯಾರೂ ಮುಚ್ಚಳಿಕೆ ಬರೆಯಬೇಕಾಗಿಲ್ಲ ಎಂದು ನಾನು ಮನಸ್ಸಿನಲ್ಲೇ ಅಂದುಕೊಂಡೆ.

ನಿವೃತ್ತಿಗೆ ಮೂರು ವರ್ಷ ಇರುವಾಗ, 2009ರಲ್ಲಿ, ನಾನು ಸಿಬ್ಬಂದಿ ಶಾಖೆಯಲ್ಲಿದ್ದೆ. ಜ್ಯೇಷ್ಠತಾ ಪಟ್ಟಿ ತಯಾರಿಸುವುದು, ಆಕ್ಷೇಪಣೆ ಸ್ವೀಕರಿಸುವುದು ನನ್ನದೇ ಕೆಲಸ. ಒಂದು ಮಧ್ಯಾಹ್ನ ಹೊಸದಾಗಿ ಮದುವೆಯಾದ ದ್ವಿತೀಯ ದರ್ಜೆಯ ಹುಡುಗಿಯೊಬ್ಬಳು ಕಾಗದ ಹಿಡಿದು ಬಂದಳು. ಗಂಡನಿಗೆ ಬಳ್ಳಾರಿಯಲ್ಲಿ ಕೆಲಸ. ಕಾಗದದಲ್ಲಿ ಅದೇ ನಾಲ್ಕು ಸಾಲು, ಈಗ ಕಂಪ್ಯೂಟರಿನಲ್ಲಿ ಅಚ್ಚಾಗಿತ್ತು. ಸಹಿ ಮಾಡಿರಲಿಲ್ಲ.

“ಅಲ್ಲೀ ಪಟ್ಟಿ ನೋಡಿದ್ದೀಯೇನಮ್ಮ?” ಎಂದೆ.

“ಇಲ್ಲ ಮೇಡಂ.”

ಅವಳನ್ನು ಕೂರಿಸಿ, ಬಳ್ಳಾರಿಗೆ ಫೋನು ಹಚ್ಚಿ, ಅಲ್ಲಿಯ ಸಿಬ್ಬಂದಿ ಶಾಖೆಯವರನ್ನು ಕೇಳಿ ಬರೆದುಕೊಂಡೆ. ನಮ್ಮಲ್ಲಿ ಅವಳ ಮುಂದೆ 9 ಜನ. ಅಲ್ಲಿ 41. ವರ್ಷಕ್ಕೆ ಎಷ್ಟು ಹುದ್ದೆ ಖಾಲಿಯಾಗುತ್ತವೆ, ಯಾರು ಯಾವಾಗ ನಿವೃತ್ತರಾಗುತ್ತಾರೆ ಎಲ್ಲ ಹಾಕಿ, ಹಾಳೆಯ ಮೇಲೆ ಲೆಕ್ಕ ಮಾಡಿ ತೋರಿಸಿದೆ. ಅವಳು ಹಾಳೆಯನ್ನು ಮಡಚಿ ಪರ್ಸಿನಲ್ಲಿಟ್ಟುಕೊಂಡು, “ನಾಳೆ ಹೇಳ್ತೀನಿ ಮೇಡಂ” ಎಂದು ಹೋದಳು.

ಮರುದಿನ ಬರಲಿಲ್ಲ. ಅದರ ಮರುದಿನ ಕಚೇರಿ ತೆರೆಯುವ ಹೊತ್ತಿಗೇ ಬಂದು ನಿಂತಿದ್ದಳು. ಕಣ್ಣು ಊದಿತ್ತು. ಕಾಗದಕ್ಕೆ ಸಹಿಯಾಗಿತ್ತು. ನಾನು ಏನೂ ಕೇಳಲಿಲ್ಲ. ಟಪಾಲಿನ ಪುಸ್ತಕ ತೆರೆದು, ತಾರೀಖು ಹಾಕಿ, ನಂಬರು ಬರೆದು, ಅವಳ ಪ್ರತಿಯ ಮೇಲೆ ಸೀಲು ಒತ್ತಿ ಕೊಟ್ಟೆ.

“ಇದನ್ನ ಜೋಪಾನವಾಗಿ ಇಟ್ಕೊ” ಎಂದೆ.